ಹೊಸ ಟೈರಿನ ಮೊದಲ ಲೋಡು

ನಮ್ಮ ಟಿಪ್ಪರ್ ಲಾರಿಗೆ ಹೊಸ ಟೈರು ಹಾಕಿಸಿದರೆ ಮೊದಲ ಲೋಡನ್ನು ದೇವರಿಗೆ ತೋರಿಸದೆ ಇಳಿಸುವಂತಿಲ್ಲ. ಅಪ್ಪನ ಕಾಲದಿಂದ ಬಂದ ಕಟ್ಟಳೆ. ಆ ಬೆಳಿಗ್ಗೆ ಕ್ರಷರಿನಿಂದ ಎಂ-ಸ್ಯಾಂಡ್, ಅಂದರೆ ಕಲ್ಲು ಪುಡಿಯ ಮರಳು ತುಂಬಿಕೊಂಡು ಬರುತ್ತಿದ್ದ ಡ್ರೈವರಿಗೆ ನಾನು ಚಾಮರಾಜಪೇಟೆಯ ಮನೆಯಲ್ಲಿ ಕಾಫಿ ಕುಡಿಯುತ್ತಲೇ ಫೋನ್ ಮಾಡಿ, ನಮ್ಮೂರ ಗುಡಿಯ ಕಡೆ ಗಾಡಿ ತಿರುಗಿಸಲು ಹೇಳಿದೆ.

"ಅಣ್ಣ, ಪರ್ಮಿಟ್ ಹನ್ನೊಂದಕ್ಕೆ ಮುಗಿಯುತ್ತೆ. ಅದ್ರಲ್ಲಿ ಆ ರೂಟೂ ಇಲ್ಲ," ಅಂದ.

"ಏನಾಗಲ್ಲ ಹೋಗೋ. ನಾನಿದೀನಿ."

ಪೂಜಾರಿ ಹೊಲಕ್ಕೆ ಹೋಗಿದ್ದರಂತೆ. ಅವರು ಬಂದು ಮಂಗಳಾರತಿ ಎತ್ತಿ, ಇವನು ನಿಂಬೆಹಣ್ಣಿನ ಮೇಲೆ ಟೈರು ಹತ್ತಿಸಿ ಹೊರಡುವಾಗ ಹನ್ನೊಂದೂವರೆ. ಮುಖ್ಯರಸ್ತೆಗೆ ಬರುತ್ತಿದ್ದಂತೆ ಗಣಿ ಇಲಾಖೆಯವರು ತಡೆದರು. ಪರ್ಮಿಟ್ಟಿನ ಅವಧಿ ಮುಗಿದಿತ್ತು, ದಾರಿಯೂ ಬೇರೆ. ಲಾರಿಯನ್ನು ಜಪ್ತಿ ಮಾಡಿ ಪೊಲೀಸ್ ಸ್ಟೇಷನ್ನಿನ ಹಿಂದಿನ ಬಯಲಲ್ಲಿ ನಿಲ್ಲಿಸಿದರು. ಕೇಸು ನಮ್ಮಿಬ್ಬರ ಮೇಲೂ ಬಿತ್ತು.

ನಾನು ಮೊದಲೇ ಕೂತಲ್ಲಿ ಕೂರುವವನಲ್ಲ. ದಿನಾ ಅವೆನ್ಯೂ ರಸ್ತೆಗೆ ನಡೆದುಕೊಂಡು ಹೋಗಿ ವಕೀಲರ ಆಫೀಸಿನ ಮೆಟ್ಟಿಲು ಹತ್ತುತ್ತಿದ್ದೆ. ಲಾರಿ ಬಿಡಿಸಿಕೊಳ್ಳಲು ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಮೊದಲು ಹಾಕಿದ ಅರ್ಜಿ ವಾಪಸ್ ಬಂತು. ಗಣಿ ಕಾಯಿದೆಯ ಕೇಸು, ವಿಶೇಷ ನ್ಯಾಯಾಲಯಕ್ಕೇ ಹೋಗಬೇಕಂತೆ. ಅದನ್ನು ಮೊದಲೇ ಹೇಳಬಾರದಿತ್ತೇ ಎಂದು ವಕೀಲರ ಮೇಲೆ ರೇಗಿದೆ. ಅವರು ಕನ್ನಡಕ ಒರೆಸಿಕೊಂಡು ಹೊಸ ಅರ್ಜಿ ಬರೆಯಲು ಕೂತರು. ಎರಡು ದಿನಕ್ಕೊಮ್ಮೆ ಬಯಲಿಗೆ ಹೋಗಿ ಲಾರಿ ನೋಡಿ ಬರುತ್ತಿದ್ದೆ. ಹೊಸ ಟೈರು ಕೆಸರಿನಲ್ಲಿ ಇಳಿಯುತ್ತಿತ್ತು. ಕನ್ನಡಿಗೆ ಯಾವುದೋ ಬಳ್ಳಿ ಹಬ್ಬಿತ್ತು.

ಎರಡನೇ ಅರ್ಜಿಯ ಜೊತೆ ನಾನು ಸಹಿ ಹಾಕಬೇಕಾದ ಒಂದು ಅಫಿಡವಿಟ್ ಇತ್ತು. ವಕೀಲರು ಓದಿ ಹೇಳಿದರು: ಚಾಲಕನು ಮಾಲೀಕರ ಗಮನಕ್ಕೆ ತಾರದೆ ಸ್ವಇಚ್ಛೆಯಿಂದ ದಾರಿ ಬದಲಿಸಿರುತ್ತಾನೆ.

"ಹಾಗಲ್ಲ ಸಾರ್, ನಾನೇ ಹೇಳಿದ್ದು," ಅಂದೆ.

"ಅದನ್ನ ಬರೆದ್ರೆ ಗಾಡಿ ಅಲ್ಲೇ ತುಕ್ಕು ಹಿಡಿಯುತ್ತೆ. ಯೋಚನೆ ಮಾಡಿ."

ಯೋಚನೆ ಮಾಡಲು ವಿಶ್ವೇಶ್ವರಪುರದವರೆಗೆ ನಡೆದೆ. ತಿಂಡಿ ಬೀದಿಯಲ್ಲಿ ದೋಸೆ ತೆಗೆದುಕೊಂಡು ಅರ್ಧಕ್ಕೆ ಬಿಟ್ಟೆ. ಕಣ್ಣೆದುರು ಬರುತ್ತಿದ್ದದ್ದು ಆ ಬಳ್ಳಿ ಮಾತ್ರ. ವಾಪಸ್ ಬಂದು ಸಹಿ ಹಾಕಿದೆ. ಡ್ರೈವರಿಗೆ ಹೇಳಲಿಲ್ಲ. ಹೇಳುವ ಧೈರ್ಯ ಬರಲಿಲ್ಲ.

ಬಿಡುಗಡೆಯ ಆದೇಶ ಬಂತು. ಬಾಂಡ್ ಕೊಡಬೇಕು, ಲಾರಿ ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ತಂದು ನಿಲ್ಲಿಸಬೇಕು. ಎಲ್ಲಕ್ಕೂ ತಲೆಯಾಡಿಸಿದೆ. ಕೊನೆಗೆ ವಕೀಲರು ಒಂದು ಮಾತು ಸೇರಿಸಿದರು: "ಆರ್ಡರ್ ಕಾಪಿ ಗಾಡೀಲೇ ಇರ್ಲಿ. ಮತ್ತೆ ಯಾರಾದ್ರೂ ನಿಲ್ಲಿಸಿದ್ರೆ ನಿಮ್ಮ ಡ್ರೈವರ್ ತೋರಿಸ್ಬೇಕಾಗುತ್ತೆ."

ಆ ಕಾಪಿಯಲ್ಲಿ ನನ್ನ ಅಫಿಡವಿಟ್ಟಿನ ಮಾತು ಇದ್ದ ಹಾಗೇ ಇತ್ತು, ಡ್ರೈವರಿಗೂ ಓದಲು ಬರುವ ಕನ್ನಡದಲ್ಲಿ.

ಡ್ರೈವರ್ ಬಯಲಿಗೆ ಇನ್ನೊಂದು ಬ್ಯಾಟರಿ ಹೊತ್ತು ತಂದಿದ್ದ. ಬಳ್ಳಿ ಕಿತ್ತು, ಟೈರಿಗೆ ಗಾಳಿ ತುಂಬಿಸಿ, ಲಾರಿ ಸ್ಟಾರ್ಟ್ ಮಾಡಿ ನಕ್ಕ. "ಪೇಪರ್ ಕೊಡಿ ಅಣ್ಣ," ಅಂದ. ನಾನು ಜೇಬು ಮುಟ್ಟಿಕೊಂಡು, ಮನೆಯಲ್ಲೇ ಬಿಟ್ಟು ಬಂದೆ ಅನ್ನಲೇ ಎಂದುಕೊಂಡೆ. ಮತ್ತೆ ಯಾರಾದರೂ ತಡೆದರೆ? ಕೊಟ್ಟೆ. ಅವನು ಸ್ಟೀರಿಂಗ್ ಮೇಲಿಟ್ಟುಕೊಂಡು ಬೆರಳಾಡಿಸುತ್ತ ಓದಿದ. ಒಂದು ಕಡೆ ಬೆರಳು ನಿಂತಿತು. ಎಂಜಿನ್ ಆಫ್ ಮಾಡಿ, ಇನ್ನೊಮ್ಮೆ ಓದಿದ.

ಬೈಯಲಿ ಎಂದು ಕಾದೆ. ಬೈದಿದ್ದರೆ ನಾನೂ ತಿರುಗಿ ಬೈದು ಹಗುರವಾಗುತ್ತಿದ್ದೆ.

ಅವನು ಕಾಗದವನ್ನು ಖಾಲಿ ಬದಿಗೆ ಮಗುಚಿ, ಜೇಬಿನ ಪೆನ್ನು ತೆಗೆದು ಎರಡನ್ನೂ ಕಿಟಕಿಯಿಂದ ಚಾಚಿದ. "ಈಗ ಎಲ್ಲಿಗೆ ಹೋಗ್ಲಿ ಅಣ್ಣ? ಬರೆದು ಸಹಿ ಹಾಕ್ಕೊಡಿ."

ಲಾರಿಯ ಬಾಗಿಲಿಗೆ ಕಾಗದ ಒತ್ತಿ, ಚಾಮರಾಜಪೇಟೆ, ನಮ್ಮ ಮನೆ, ನಾನೇ ಹೇಳಿದ್ದು ಎಂದು ಬರೆದು ಸಹಿ ಹಾಕಿದೆ. ಅವನು ಅದನ್ನೂ ಓದಿ ನೋಡಿಯೇ ಲಾರಿ ಹೊರಡಿಸಿದ.