ಕೆಂಪು ಬೀದಿಯಲ್ಲಿ ನೀಲಿ ಬೀಗಿತ್ತಿ

ನಮ್ಮ ಪರಿಂಟಿನ್ಸ್ ಊರಿಗೆ ಇಬ್ಬರು ಒಡೆಯರು, ಇಬ್ಬರೂ ಜೂನ್ ಹಬ್ಬದ ಪಂದ್ಯದಲ್ಲಿ ಆಳು ಒಳಹೊಕ್ಕು ಕುಣಿಸುವ ಬಟ್ಟೆಯ ಗೂಳಿಗಳು. ಒಂದು ಕೆಂಪು ಪಕ್ಷದ್ದು, ಇನ್ನೊಂದು ನೀಲಿಯದು. ಕುಣಿಯುವವರ ಉಡುಪಿಗೆ ಗರಿ ಹೊಲಿಯುವ ದೋನಾ ಝುಲ್ಮೀರಾ ಕೆಂಪು ಸೇನೆಯ ಮಹಾದಂಡನಾಯಕಿ. ಆಕಾಶಕ್ಕೆ ಹಾಳು ಬಣ್ಣ ಬಳಿದನೆಂದು ದೇವರ ಮೇಲೂ ಆಕೆಗೆ ಸಣ್ಣ ಮುನಿಸು.

ಆ ವರ್ಷ ನದಿ ಉಕ್ಕಿ ಆಕೆಯ ಬೀಗಿತ್ತಿ ಎರ್ನೆಸ್ತೀನಾಳ ಮನೆಗೆ ನುಗ್ಗಿತು. ಎರ್ನೆಸ್ತೀನಾ ಅಪ್ಪಟ ನೀಲಿ. ಝುಲ್ಮೀರಾಳ ಮಗಳು ಅತ್ತೆಯನ್ನು ದೋಣಿಯಲ್ಲಿ ಕರೆತಂದು ಅಮ್ಮನ ಕೋಣೆಯಲ್ಲೇ ಮಲಗಲು ಜೋಲಿ ಕಟ್ಟಿಕೊಟ್ಟಳು. ಜೋಲಿಗೂ ಜೋಲಿಗೂ ಒಂದು ಗೇಣು. ಬೆನ್ನು ತಿರುಗಿಸಿ ಮಲಗಿದರೂ ಬೆನ್ನುಗಳು ಜಗಳಕ್ಕೆ ನಿಲ್ಲುತ್ತಿದ್ದವು. ಝುಲ್ಮೀರಾ ಕೆಂಪು ಲೋಟದಲ್ಲಿ ಕಾಫಿ ಕೊಟ್ಟರೆ ಎರ್ನೆಸ್ತೀನಾ ಅದನ್ನು ತಗಡಿನ ಡಬ್ಬಿಗೆ ಬಗ್ಗಿಸಿಕೊಂಡು ಕುಡಿಯುತ್ತಿದ್ದಳು.

"ಲೋಟ ಏನೂ ಕಚ್ಚಲ್ಲ ಬೀಗರೇ."

"ಗೊತ್ತು. ಬಣ್ಣ ಬಿಟ್ಟೀತು ಅಂತ ಅಷ್ಟೇ."

ಜೂನ್ ಹಬ್ಬಕ್ಕೆ ಮುಂಚೆ ಎರ್ನೆಸ್ತೀನಾ ಅಂಗಳದ ಹಲಗೆ ಮೇಲೆ ಜಾರಿ ಕಾಲು ಮುರಿದುಕೊಂಡಳು. ಚಿಕ್ಕಂದಿನಿಂದ ಕಣಕ್ಕೆ ಹೋಗಿ ತನ್ನ ಗೂಳಿಗೆ ಹಾಡದ ವರ್ಷವೇ ಇರಲಿಲ್ಲ ಆಕೆಗೆ. ಮಗ ಸೊಸೆ ಇಬ್ಬರೂ ಕುಣಿಯುವವರು, ಹೋಗಲೇಬೇಕು. ತನಗೆ ಮಂಡಿನೋವು ಎಂದು ಹೇಳಿ ಝುಲ್ಮೀರಾ ಮನೆಯಲ್ಲಿ ಉಳಿದಳು. ಅದೇ ಮಂಡಿ ಹಿಂದಿನ ದಿನ ಮಾವಿನ ಮರ ಹತ್ತಿದ್ದನ್ನು ಅದೇ ಕೆಂಪು ಬೀದಿಯವರಾದ ನಾವು ಕಂಡಿದ್ದೆವು.

ರೇಡಿಯೋದಲ್ಲಿ ಮೊದಲು ಕೆಂಪು ಗೂಳಿ ಕುಣಿಯಿತು. ಒಬ್ಬರ ಗೂಳಿ ಕುಣಿಯುವಾಗ ಎದುರು ಪಕ್ಷದವರು ತುಟಿ ಬಿಚ್ಚುವಂತಿಲ್ಲ. ಬಿಚ್ಚಿದರೆ ಅವರ ಅಂಕ ಹೋಗುತ್ತದೆ. ಎರ್ನೆಸ್ತೀನಾ ಉಸಿರು ಬಿಗಿಹಿಡಿದು ಮಲಗಿದ್ದಳು. ಆಮೇಲೆ ನೀಲಿಯ ಸರದಿ. ನಗಾರಿ ಮೊಳಗಿದರೂ ಆಕೆ ಬರಿಯ ತುಟಿ ಆಡಿಸಿದಳು. ಕಣ್ಣೀರು ಕಿವಿಯತ್ತ ಹರಿಯುತ್ತಿತ್ತು.

"ಏನ್ರೀ, ಗಂಟಲು ಕಟ್ಟಿದೆಯಾ?"

"ಬೀದಿ ನಿಮ್ಮದು. ನಾನು ಹಾಡಿದ್ರೆ ನಾಳೆಯಿಂದ ನಿಮಗೆ ಯಾರೂ ಒಂದು ಗರೀನೂ ಹೊಲಿಯೋಕೆ ಕೊಡಲ್ಲ."

ಹೊಲಿಗೆಯೇ ಝುಲ್ಮೀರಾಳ ಬದುಕು.

"ಹಾಡ್ರೀ," ಅಂದಳು. "ನಿಮ್ಮ ಗೂಳಿ ಸುಮ್ನೆ ಕುಣೀತಾ ಇದೆ ಅಲ್ಲಿ."

ಎರ್ನೆಸ್ತೀನಾ ಹಾಡಿದಳು. ಒಡಕು ದನಿ, ಆದರೆ ದೊಡ್ಡದು. ನಮ್ಮ ಕೆಂಪು ಬೀದಿಯ ನಟ್ಟನಡುವೆ ನೀಲಿ ಹಾಡು! ಕಣಕ್ಕೆ ಹೋಗದೆ ಉಳಿದಿದ್ದ ನಾವಷ್ಟೂ ಜನ ಬಾಯ್ತುಂಬ ಬೈಗುಳ ತುಂಬಿಕೊಂಡು ಆ ಬಾಗಿಲಿಗೆ ದಂಡೆತ್ತಿ ಹೋದೆವು. ಹೊಸ್ತಿಲಲ್ಲಿ ಝುಲ್ಮೀರಾ ಪೊರಕೆ ಹಿಡಿದು ನಿಂತಿದ್ದಳು.

"ಎದುರಿನವರ ಸರದಿ," ಅಂದಳು. "ಬಾಯಿ ಮುಚ್ಕೊಂಡು ನಿಂತ್ಕೊಳ್ಳಿ."

ಹಬ್ಬದ ನಿಯಮ ಮೀರುವ ಎದೆಗಾರಿಕೆ ನಮ್ಮಲ್ಲಿ ಯಾರಿಗಿತ್ತು? ಕೆಂಪಂಗಿ ತೊಟ್ಟ ಅಷ್ಟೂ ವೀರರು ಕೆಸರಿನಲ್ಲಿ ಸಾಲಾಗಿ ನಿಂತು, ಒಳಗಿನ ಮುದುಕಿ ಕೊನೆಯ ಸಾಲು ಹಾಡಿ ಮುಗಿಸುವವರೆಗೂ ಕೆಮ್ಮಲೂ ಇಲ್ಲ.