ಬೀಗದಕ್ಕ ಬಾಗಿಲು ತಟ್ಟಿದ ದಿನ

ಸೂರ್ಯನಿಗೆ ಪಾಸ್‌ವರ್ಡ್ ಬೇಕಿಲ್ಲ; ಕಿಟಕಿ ಕಂಡಲ್ಲಿ ಲಾಗಿನ್ ಆಗಿಬಿಡುತ್ತಾನೆ. ಮಿಕ್ಕವರೆಲ್ಲ ಬೀಗದಕ್ಕನನ್ನು ಕೇಳಿಕೊಂಡೇ ಒಳಗೆ ಬರಬೇಕು. ಆಗತಾನೇ ಬೆಳಕು ಹರಿದಿದೆ. ಮೂರನೇ ಮಹಡಿಯ ಕೋಣೆಯಲ್ಲಿ ಟ್ಯೂಬ್‌ಲೈಟ್ ಇನ್ನೂ ಕಣ್ಣು ಪಿಳುಕಿಸುತ್ತಿದೆ. ಆರಿದ ಚಹಾದ ಲೋಟವನ್ನು ಕೀಬೋರ್ಡಿನಿಂದ ದೂರ ಸರಿಸಿ ಅವರು ಮೊದಲ ಕರೆ ಎತ್ತಿಕೊಳ್ಳುತ್ತಾರೆ.

"ನಮಸ್ಕಾರ, ಹೇಳಿ."

"ಪಾಸ್‌ವರ್ಡ್ ಮರ್ತೋಯ್ತು. ನಿಮ್ಮ ಹತ್ರ ಇರುತ್ತಲ್ಲ, ಸ್ವಲ್ಪ ನೋಡಿ ಹೇಳಿಬಿಡಿ."

"ನಮಗೂ ಕಾಣಲ್ಲ ಸಾರ್. ಹೊಸದು ಮಾಡ್ಕೊಳ್ಳೋಕೆ ದಾರಿ ಮಾಡಿಕೊಡ್ತೀನಿ. ಹುಟ್ಟಿದ ತಾರೀಖು ಹೇಳಿ."

"ಅಯ್ಯೋ, ನಾನು ನಾನೇ ಕಣಮ್ಮ!"

"ನೀವು ನೀವೇ ಅಂತ ನನಗೆ ಹೇಗೆ ಗೊತ್ತಾಗ್ಬೇಕು?" ಎಂದು ಕೇಳಿ, "ತ್ಚು" ಅಂತ ಲೊಚಗುಟ್ಟುತ್ತಾರೆ. ಆ ಪ್ರಶ್ನೆ, ಆ ಲೊಚಗುಟ್ಟುವಿಕೆ, ಎರಡೂ ಇಡೀ ಆಫೀಸಿಗೆ ಬಾಯಿಪಾಠ.

ಜನ ತಮ್ಮವರ ದನಿಯನ್ನು ರೆಕಾರ್ಡ್ ಮಾಡಿ ಜೋಪಾನವಾಗಿ ಇಟ್ಟುಕೊಳ್ಳುವ ವೆಬ್‌ಸೈಟ್ ಇದು. ಮಗುವಿನ ತೊದಲು, ಅಜ್ಜನ ಗೊರಕೆ, ಹೆಂಡತಿಯ ಬೈಗುಳ, ಎಲ್ಲಕ್ಕೂ ಇಲ್ಲಿ ಜಾಗವಿದೆ. ಹೊಸ ಖಾತೆ ತೆರೆಯುವುದು, ಕಳ್ಳ ಕೈಗಳು ತಡಕಾಡಿದ ಖಾತೆಗೆ ಬೀಗ ಜಡಿಯುವುದು, ಮರೆತವರಿಗೆ ಬಾಗಿಲು ತೆಗೆಯುವುದು ಬೀಗದಕ್ಕನ ಕೆಲಸ. ದಿನಕ್ಕೆ ನೂರರ ಆಸುಪಾಸು ಕರೆ. ಅರ್ಧಕ್ಕರ್ಧ ಬೈಗುಳ. ಒಳಗೆ ಬಂದ ಮೇಲೆ ಬಾಗಿಲು ತೆಗೆದವರನ್ನು ಯಾರೂ ತಿರುಗಿ ನೋಡುವುದಿಲ್ಲ.

ಬೈಸಿಕೊಳ್ಳುವುದಕ್ಕಿಂತ ಕಷ್ಟದ್ದು ತೀರಿಹೋದವರ ಖಾತೆ. ಎರಡು ವರ್ಷ ಯಾರೂ ಒಳಗೆ ಕಾಲಿಡದಿದ್ದರೆ ಖಾತೆ ದನಿಗಳ ಸಮೇತ ಅಳಿಸಿಹೋಗುತ್ತದೆ. ಅಷ್ಟರೊಳಗೆ ಮನೆಯವರು ದಾಖಲೆ ತಂದರೆ ದನಿಯ ಪ್ರತಿ ಕೊಟ್ಟು, ಖಾತೆ ಮುಚ್ಚುತ್ತಾರೆ.

"ಮುಚ್ಚಬೇಡಿ, ಹಾಗೇ ಇರ್ಲಿ ಅಂತ ಗೋಗರೀತಾರೆ" ಎನ್ನುತ್ತಾರೆ ಬೀಗದಕ್ಕ. "ಖಾತೆ ಇರೋವರೆಗೂ ಹೆಸರಿನ ಪಕ್ಕ ಒಂದು ಹಸಿರು ಚುಕ್ಕೆ ಇರುತ್ತೆ. ಅದು ಆರೋದನ್ನ ಅವರ್ಯಾರೂ ನೋಡಲ್ಲ. ನಾನು ನೋಡ್ತೀನಿ."

ಅವರ ಪರದೆಯ ಮೇಲೆ ಇಂದು ಸಂಜೆ ಆರಬೇಕಾದ ಚುಕ್ಕೆ ಅವರ ತಮ್ಮನದು.

'ಬೀಗದಕ್ಕ' ಅಂತ ಹೆಸರಿಟ್ಟವನೂ ಅವನೇ. ಅಪ್ಪ ಅಮ್ಮ ಹೋದ ಮೇಲೆ ಎರಡು ಕೋಣೆಯ ಬಾಡಿಗೆ ಮನೆಯಲ್ಲಿ ಅಕ್ಕ ಸಾಕಿದ ಹುಡುಗ. ಬಸ್ ನಿಲ್ದಾಣದ ಮೈಕಿನಲ್ಲಿ ಬಸ್ಸುಗಳ ಹೆಸರು ಕೂಗುವುದು ಅವನ ಉದ್ಯೋಗ. ಬಿಡುವಾದಾಗ ಅಕ್ಕನಿಗೆ ಫೋನು ಮಾಡಿ ಹಲ್ಲಿಲ್ಲದ ಮುದುಕಿಯಾಗಿ, ಕುಡುಕನಾಗಿ, ಆಫೀಸಿನ ಮ್ಯಾನೇಜರಾಗಿ ಪಾಸ್‌ವರ್ಡ್ ಕೇಳುವುದು ಹವ್ಯಾಸ. ಒಂದು ದಿನ ನಿಜವಾದ ಮ್ಯಾನೇಜರೇ ಫೋನು ಮಾಡಿದರು. "ಏಯ್ ಕೋತಿ, ಇಡೋ ಫೋನು!" ಎಂದುಬಿಟ್ಟರು ಬೀಗದಕ್ಕ. ಮ್ಯಾನೇಜರು ಇಟ್ಟರು.

ಗಂಟಲಿನ ಕಾಯಿಲೆ ಮೊದಲು ಅವನ ದನಿಯನ್ನು ಕೊಂಡೊಯ್ದಿತು, ಆಮೇಲೆ ಅವನನ್ನು.

"ಮನೇಲಿ ಅವನ ದನಿ ಎಲ್ಲೂ ಇಲ್ಲ. ಏನಿದ್ರೂ ಈ ಖಾತೇಲೇ. ಅರ್ಜಿ ಹಾಕಿದ್ರೆ ದನಿ ಸಿಗುತ್ತೆ, ಚುಕ್ಕೆ ಹೋಗುತ್ತೆ. ಹಾಕದಿದ್ರೆ ಎರಡೂ ಹೋಗುತ್ತೆ. ಗೊತ್ತಿದ್ದೂ ಕೈ ಬರ್ಲಿಲ್ಲ."

ನೀವೇ ಒಮ್ಮೆ ಸದ್ದಿಲ್ಲದೆ ಒಳಗೆ ಹೋಗಿ ಬಂದಿದ್ದರೆ ಗಡುವು ಮುಂದೆ ಹೋಗುತ್ತಿತ್ತಲ್ಲ ಎಂದು ಕೇಳಿದರೆ:

"ಹೋಗಬಹುದಿತ್ತು. ಆಮೇಲೆ ಯಾವ ಮುಖ ಇಟ್ಕೊಂಡು ಬೇರೆಯವರಿಗೆ ಇಲ್ಲ ಅನ್ನೋದು?"

ಸ್ವಂತದವರ ಖಾತೆಯನ್ನು ಮುಟ್ಟುವಂತಿಲ್ಲ ಎಂಬುದು ಆಫೀಸಿನ ನಿಯಮ. ಹಾಗಾಗಿ ಮಧ್ಯಾಹ್ನ ಅವರು ಹೆಡ್‌ಫೋನ್ ತೆಗೆದಿಟ್ಟು, ಮೇಜು ಸುತ್ತಿ ಬಂದು, ದಾಖಲೆ ಹಿಡಿದು ಪಕ್ಕದ ಗಡ್ಡದವನ ಎದುರು ನಿಲ್ಲುತ್ತಾರೆ. ಜೊತೆಗೆ ಕೆಲಸ ಮಾಡುವ ಅವನು ಏನೂ ಕೇಳದೆ ಖಾತೆ ತೆರೆಯಲು ಹೊರಡುತ್ತಾನೆ.

"ಕೇಳೋ, ಎಲ್ಲರಿಗೂ ಕೇಳೋ ಹಾಗೆ" ಎಂದು ಗದರುತ್ತಾರೆ.

"ತಮ್ಮನ... ಹುಟ್ಟಿದ ತಾರೀಖು ಹೇಳಿ ಅಕ್ಕ."

ಹೇಳುತ್ತಾರೆ. ಖಾತೆ ತೆರೆದುಕೊಳ್ಳುತ್ತದೆ. ಒಳಗಿರುವುದು ಒಂದೇ ರೆಕಾರ್ಡಿಂಗ್. ಗಡ್ಡದವನು ಒತ್ತುತ್ತಾನೆ.

ಸ್ಪೀಕರಿನಿಂದ ಬಂದದ್ದು ಹೆಂಗಸಿನ ದನಿ. ಕೋಣೆಯಲ್ಲಿದ್ದವರೆಲ್ಲ ಬೀಗದಕ್ಕನತ್ತ ತಿರುಗುತ್ತಾರೆ. ಅವರ ಬಾಯಿ ಮುಚ್ಚಿಯೇ ಇದೆ.

"ನಮಸ್ಕಾರ, ಹೇಳಿ. ಅಕ್ಕನಾ? ನೀವು ನೀವೇ ಅಂತ ನನಗೆ ಹೇಗೆ ಗೊತ್ತಾಗ್ಬೇಕು? ತ್ಚು. ಅಳ್ಬೇಡಿ ಮೇಡಂ, ಅಳೋರೆಲ್ಲ ಅಕ್ಕ ಆಗೋದಾದ್ರೆ ನಾನಿಲ್ಲಿ ಯಾಕೆ ಕೂತಿರ್ಬೇಕು? ಮೊದಲು ಹುಟ್ಟಿದ ತಾರೀಖು ಹೇಳಿ."

ಕೊನೆಯಲ್ಲೊಂದು ಒಣ ಕೆಮ್ಮು. ಅಕ್ಕನನ್ನು ಅಣಕಿಸಿದ ತಮ್ಮನ ಸ್ವಂತ ಸದ್ದು ಅದೊಂದೇ.

ಮೂಲೆಯಲ್ಲಿ ಯಾರೋ ತಡೆಯಲಾರದೆ ಕಿಸಕ್ಕೆನ್ನುತ್ತಾರೆ. ಗಡ್ಡದವನು ಮುಖ ಮುಚ್ಚಿಕೊಳ್ಳುತ್ತಾನೆ, ಭುಜ ಕುಲುಕುತ್ತಿದೆ. ಆದರೆ ಮೇಜು ಹಿಡಿದು, ಬಗ್ಗಿ, ಎಲ್ಲರಿಗಿಂತ ಜೋರಾಗಿ ನಗುತ್ತಿರುವವರು ಬೀಗದಕ್ಕ.

"ಕಳ್ಳ! ಎರಡು ವರ್ಷ ಕಾದೆ ನಾನು. ತನ್ನ ದನಿ ಒಂಚೂರೂ ಇಟ್ಟಿಲ್ಲ ನೋಡ್ರೋ, ಇಟ್ಟಿರೋದೆಲ್ಲ ನನ್ನದೇ!"

ಪ್ರತಿ ಕೈಸೇರಿದ ಮೇಲೆ, ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತಲೇ, ಮುಚ್ಚು ಎಂದು ಗಡ್ಡದವನಿಗೆ ಸನ್ನೆ ಮಾಡುತ್ತಾರೆ. ಹಸಿರು ಚುಕ್ಕೆ ಆರುತ್ತದೆ.

ಅವರ ಮೇಜಿನ ಫೋನು ಬಡಿದುಕೊಳ್ಳುತ್ತಿದೆ. ಹೋಗಿ ಎತ್ತುತ್ತಾರೆ. "ನಮಸ್ಕಾರ" ಅಂದದ್ದೇ ತಡ, ತಮ್ಮದೇ ದನಿ ಕೇಳಿ ಮತ್ತೆ ನಗು ಉಕ್ಕುತ್ತದೆ.