ಕುತ್ತಿಗೆಯವರೆಗೆ ನಮ್ಮವ್ವ

ಥಾಣೆಯ ವಾಗ್ಳೆ ಎಸ್ಟೇಟಿನ ಪಾರ್ಕಿನಲ್ಲಿ ಊಟದ ಡಬ್ಬಿ ಹಿಡಿದು ನಿಂತ ಹೆಂಗಸಿನ ಪ್ರತಿಮೆ ಇದೆಯಲ್ಲ, ಅದು ಕುತ್ತಿಗೆಯವರೆಗೆ ನಮ್ಮವ್ವನದು. ಮೇಲಿನ ತಲೆ ಬೇರೆಯವರದು. ಹೀಗೆ ಹೇಳಿದರೆ ಜನ ನನಗೇ ತಲೆ ಸರಿಯಿಲ್ಲ ಅನ್ನುತ್ತಾರೆ. ಅನ್ನಲಿ.

ಅವ್ವ ಅದೇ ಎಸ್ಟೇಟಿನ ಕಾರ್ಖಾನೆಯೊಂದರಲ್ಲಿ ಮುಚ್ಚಳ ಒತ್ತುವ ಮಶೀನಿನ ಮುಂದೆ ಪ್ರಾಯವನ್ನೆಲ್ಲ ಕಳೆದವಳು. ಎಡಗೈಯ ಉಂಗುರ ಬೆರಳನ್ನು ಅರ್ಧಕ್ಕೆ ಆ ಮಶೀನು ತಿಂದಿತ್ತು. ಆದರೂ ಆ ಕೈಯನ್ನು ಅವಳು ಎಂದೂ ಮುಚ್ಚಿಕೊಂಡವಳಲ್ಲ. ಲೋಕಲ್ ರೈಲಿನಲ್ಲಿ ಹ್ಯಾಂಡಲ್ ಹಿಡಿಯುವುದು ಅದೇ ಕೈಯಲ್ಲಿ, ಮದುವೆಮನೆಯಲ್ಲಿ ಆರತಿ ತಟ್ಟೆ ಹಿಡಿಯುವುದೂ ಅದೇ ಕೈಯಲ್ಲಿ. ಯಾರಾದರೂ ನೆಟ್ಟ ಕಣ್ಣಿನಿಂದ ನೋಡಿದರೆ, "ಏನ್ ನೋಡ್ತೀರಿ, ಇದಽ ನಾಕೂವರಿ ಬೆರಳಿನ್ಯಾಗ ಎರಡು ಮಕ್ಕಳನ್ನ ಬೆಳೆಸೇನಿ" ಎನ್ನುತ್ತಿದ್ದಳು.

ಆ ಎರಡು ಮಕ್ಕಳೆಂದರೆ ಅಣ್ಣ ಮತ್ತು ನಾನು. ಅವ್ವನ ಮರಾಠಿ ಖಡಕ್ಕಾಗಿಯೇ ಇತ್ತು, ಆದರೆ ಅದು ಹೊರಗಿನವರಿಗೆ. ಭಾಜಿಯವನಿಗೆ, ಕಂಡಕ್ಟರನಿಗೆ, ಬಾಗಿಲಿಗೆ ಬಂದ ಕೊರಿಯರಿನವನಿಗೆ. ನಮ್ಮೊಂದಿಗೆ ವಿಜಯಪುರದ ಕನ್ನಡ ಬಿಟ್ಟು ಬೇರೆ ಒಂದು ಮಾತಿಲ್ಲ. ಥಾಣೆಯಲ್ಲೇ ಹುಟ್ಟಿದ ಅಣ್ಣ ಮಾತ್ರ ಉತ್ತರ ಕೊಡುತ್ತಿದ್ದದ್ದು ಮರಾಠಿಯಲ್ಲಿ. "ಊಟಕ್ಕ ಹಾಕ್ಲೇನೋ" ಅಂತ ಇವಳು, "ವಾಢ್, ಆಯೀ" ಅಂತ ಅವನು. ಅವನು ಮದುವೆಯಾಗಿ ಪಕ್ಕದ ಬಿಲ್ಡಿಂಗಿಗೆ ಹೋದಮೇಲೂ ದಿನಾ ಹಾಗೇ ನಡೆದಿತ್ತು.

ಪಾರ್ಕಿನಲ್ಲಿ ದುಡಿಯುವ ಹೆಂಗಸಿನ ಪ್ರತಿಮೆ ನಿಲ್ಲಿಸುವ ಮಾತು ಬಂದಾಗ ಅಣ್ಣ ನಮ್ಮ ವಾರ್ಡಿನ ಪುಢಾರಿಯೊಬ್ಬನ ಹಿಂದೆ ಓಡಾಡಿಕೊಂಡಿದ್ದ. ಮಾದರಿಯಾಗಿ ನಿಲ್ಲಲೆಂದು ಅವ್ವನನ್ನು ವಿಠ್ಠಲವಾಡಿಯ ಶಿಲ್ಪಿಯ ಶೆಡ್ಡಿಗೆ ಕರೆದೊಯ್ದವನೂ ಅವನೇ. ರವಿವಾರ ಬಂತೆಂದರೆ ನೀರಿನ ಬಾಟಲಿ ಹಿಡಿದು, ಅವಳನ್ನು ಲೋಕಲ್ ಹತ್ತಿಸಿ, ಇಳಿಸಿ, ಎಷ್ಟು ಜೋಪಾನ. "ಆಯೀ, ನಾವೆಲ್ಲ ಹೋದಮೇಲೂ ನೀನು ಅಲ್ಲೇ ನಿಂತಿರ್ತೀಯ" ಎಂದು ತನ್ನ ಮರಾಠಿಯಲ್ಲಿ ಹೇಳುತ್ತಿದ್ದ.

ಒಂದು ರವಿವಾರ ಐರೋಲಿಯ ನನ್ನ ಮನೆಯಿಂದ ನಾನೂ ಹೋಗಿದ್ದೆ. ಶಿಲ್ಪಿ ಪಾಪ, ಮರ್ಯಾದೆಗೆಂದು ಐದೂ ಬೆರಳು ಪೂರ್ತಿ ಮಾಡಿಟ್ಟಿದ್ದ. ಅವ್ವ ಒಪ್ಪಲಿಲ್ಲ. ಇದ್ದ ಹಾಗೇ ಮಾಡು ಎಂದು ಅವನಿಗೆ ಹೇಳಿ, ನನ್ನ ಕಡೆ ತಿರುಗಿ, "ಅದು ನಾನಽ ಅಂತ ಮಂದಿಗೆ ಗುರುತು ಸಿಗಬೇಕಲ್ಲ" ಅಂದಳು. ಅವಳು ತನಗೆಂದು ಕೇಳಿದ್ದನ್ನು ನಾನು ಕಂಡದ್ದು ಅದೊಂದೇ ಸಲ.

ಪ್ರತಿಮೆ ಪಾರ್ಕಿಗೆ ಬಂತು. ಉದ್ಘಾಟನೆ ಆಗುವವರೆಗೆಂದು ನೀಲಿ ತಾಡಪತ್ರಿ ಸುತ್ತಿದರು. ಗಲಾಟೆ ಶುರುವಾದದ್ದೇ ಆಮೇಲೆ. ಯಾವುದೋ ಕಾರ್ಖಾನೆಯ ಹೆಂಗಸಿಗೆ ಪ್ರತಿಮೆ ಯಾಕೆ ಅಂತ ಕೆಲವರು. ಆ ಹೆಂಗಸು ಕಾನಡಿ, ಕನ್ನಡದವಳು ಅಂತೆ, ನಮ್ಮ ಪಾರ್ಕಿನಲ್ಲಿ ಅವಳಿಗೇನು ಕೆಲಸ ಅಂತ ಇನ್ನು ಕೆಲವರು. ಗೇಟಿನಲ್ಲಿ ಬೋರ್ಡು, ಬೋರ್ಡಿಗೆ ಎದುರು ಬೋರ್ಡು. ಒಂದು ಮಳೆಗಾಲವೇ ಕಳೆಯಿತು. ತಾಡಪತ್ರಿ ಹರಿದು ಡಬ್ಬಿ ಹಿಡಿದ ಎಡಗೈ ಮಾತ್ರ ಹೊರಗೆ ಬಂತು. ಅವ್ವ ದಿನಾ ಬೆಳಿಗ್ಗೆ ಅದರ ಎದುರಿನ ಬೆಂಚಿನಲ್ಲಿ ಕೂತು, ವಾಕಿಂಗಿಗೆ ಬಂದವರಿಗೆಲ್ಲ ತನ್ನ ಬೆರಳು ತೋರಿಸುತ್ತಿದ್ದಳು. "ನಿನ್ನ ದರ್ಶನ ನೀನಽ ತಗೋಳಾಕತ್ತೀಯೇನು" ಎಂದು ನಾನು ಕಾಡಿಸಿದರೆ ನಗುತ್ತಿದ್ದಳು.

ಜಗಳ ಬಗೆಹರಿಸಲು ಪಾರ್ಕಿನಲ್ಲೇ ಸಭೆ ಸೇರಿತು. ಅವ್ವ ಇಳಕಲ್ ಸೀರೆ ಉಟ್ಟು ಎರಡನೇ ಸಾಲಿನಲ್ಲಿ ಕೂತಿದ್ದಳು, ಪಕ್ಕದಲ್ಲಿ ನಾನು. ಒಬ್ಬರು ಎದ್ದು ಅಣ್ಣನನ್ನು ನೇರವಾಗಿ ಕೇಳಿದರು, ಇದು ನಿಮ್ಮ ತಾಯಿಯದೋ ಅಲ್ಲವೋ. ಅಣ್ಣ ನಮ್ಮತ್ತ ನೋಡಲೇ ಇಲ್ಲ. "ನಾಹೀ ಹೋ" ಅಂದ. ಅದೆಲ್ಲ ಶಿಲ್ಪಿಯ ಕಲ್ಪನೆಯಂತೆ. ನನ್ನ ಮೈಯೆಲ್ಲ ಉರಿದುಹೋಯಿತು. ಏಳಹೊರಟವಳ ದುಪಟ್ಟಾ ಹಿಡಿದು ಅವ್ವ ಕೂರಿಸಿದಳು. "ಮಂದಿ ಮುಂದ ಅವನ ಮರ್ಯಾದಿ ಕಳೀಬ್ಯಾಡ. ಏನೋ ತೊಂದ್ರಿ ಇರಬೇಕು ಅವಗ."

ತೊಂದರೆ ಏನಿಲ್ಲ, ಮುಂದಿನ ಚುನಾವಣೆಯ ಟಿಕೆಟ್ಟು ಬೇಕಾಗಿತ್ತು. ಅದು ಗೊತ್ತಾದದ್ದು ಉದ್ಘಾಟನೆಯ ದಿನ. ಬಾ ಎಂದು ಅವ್ವನನ್ನು ಅವನೇ ಕರೆದಿದ್ದ, ಏನಾಗಿದೆ ಎಂದು ಮಾತ್ರ ಬಾಯಿ ಬಿಟ್ಟಿರಲಿಲ್ಲ. ಪರದೆ ಸರಿಯಿತು. ಅವ್ವನ ಹೆಗಲ ಮೇಲೆ ಕನ್ನಡಕ ಹಾಕಿದ ದುಂಡು ಮುಖವೊಂದು ಕೂತಿತ್ತು. ಪುಢಾರಿಯ ತೀರಿಕೊಂಡ ತಾಯಿ. ಫೈಬರಿನ ಪ್ರತಿಮೆ, ಕೊಯ್ದು ಅಂಟಿಸುವುದು ಎಷ್ಟರ ಕೆಲಸ. ಕೂಗಾಡುತ್ತಿದ್ದವರೆಲ್ಲ ಈಗ ಕೈಮುಗಿದು ನಿಂತಿದ್ದರು.

ಕೈ ಬದಲಿಸಲು ಮಾತ್ರ ಮರೆತಿದ್ದರು. ಬೆರಳು ಯಾಕೆ ಹಾಗಿದೆ ಎಂದು ಮುಂದಿನ ಸಾಲಿನಿಂದ ಪ್ರಶ್ನೆ ಬಂತು. ಮೈಕು ಅಣ್ಣನ ಕೈಯಲ್ಲಿತ್ತು. ಆ ಮಹಾಮಾತೆ ಚಿಕ್ಕಂದಿನಲ್ಲಿ ಒಂದು ಕೂಸನ್ನು ಉಳಿಸಲು ಕಬ್ಬಿನ ಗಾಣಕ್ಕೆ ಕೈ ಕೊಟ್ಟಳೆಂದು, ಒಂದು ಕ್ಷಣವೂ ತಡವರಿಸದೆ ಹೇಳಿಬಿಟ್ಟ. ಚಪ್ಪಾಳೆ ಬಿತ್ತು. ಪಕ್ಕದಲ್ಲಿ ಅವ್ವ ತನ್ನ ಎಡಗೈಯನ್ನು ಮೆಲ್ಲಗೆ ಸೆರಗಿನೊಳಗೆ ಎಳೆದುಕೊಂಡಳು. ನಾನು ಅಲ್ಲೇ ಅತ್ತುಬಿಟ್ಟೆ. ಹೊರಗಿನವರು ಮೋಸ ಮಾಡಿದ್ದರೆ ನಾಲ್ಕು ಬೈದು ಮರೆಯುತ್ತಿದ್ದೆ. ಇವನು ಆ ಕೈಯಿಂದಲೇ ತುತ್ತು ತಿಂದು ಬೆಳೆದವನು.

ಸಂಜೆ ಅವ್ವನ ಮನೆಯ ಬೆಲ್ ಆಯಿತು. ಅವ್ವನೇ ಹೋಗಿ ಒಳಬಾಗಿಲು ತೆಗೆದಳು. ಸೇಫ್ಟಿ ಡೋರಿನ ಸರಳುಗಳಾಚೆ ಅಣ್ಣ ಪೇಡೆಯ ಡಬ್ಬಿ ಹಿಡಿದು, ಹಣೆಗೆ ಗುಲಾಲು ಮೆತ್ತಿಕೊಂಡು ನಿಂತಿದ್ದ. ಅವ್ವ ಅವನನ್ನು ನೋಡಿ, "ಕೋಣ್ ಪಾಹಿಜೆ ತುಮ್ಹಾಲಾ" ಅಂದಳು. ಯಾರು ಬೇಕಾಗಿತ್ತು ನಿಮಗೆ ಎಂದು, ಕೊರಿಯರಿನವನನ್ನು ಕೇಳುವ ಅದೇ ಮರಾಠಿಯಲ್ಲಿ.

ಅಣ್ಣನ ನಗು ಹಾಗೇ ನಿಂತಿತು.

"ಅವ್ವಾ, ನಾನಽ."

ಅವನ ಬಾಯಿಂದ ಕನ್ನಡ ಕೇಳಿ ಎಷ್ಟು ವರ್ಷವಾಗಿತ್ತೋ. ಅವ್ವ ಚಿಲಕ ತೆಗೆಯಲಿಲ್ಲ. ಅವಳ ಎಡಗೈ ಇನ್ನೂ ಸೆರಗಿನೊಳಗೇ ಇತ್ತು.